ಗಾಜು ಹೊತ್ತವನನ್ನು ಮುಟ್ಟಬಾರದು

ಮಾರ್ಚ್ 4, ಮಂಗಳವಾರ

ಇದು ಅಂಗಡಿಯ ಅಳತೆ ಪುಸ್ತಕ. ಮುಂದಿನ ಪುಟಗಳಲ್ಲಿ ಒಂದು ಶಾಲೆಯ ಕಿಟಕಿಗಳ ಉದ್ದಗಲ ಇದೆ. ನಾನು ಕೊನೆಯ ಪುಟದಿಂದ ಹಿಂದಕ್ಕೆ ಬರೆಯುತ್ತಿದ್ದೇನೆ. ಬೆಳಿಗ್ಗೆ ಆ ಶಾಲೆಯಲ್ಲೇ ಏಣಿ ಹತ್ತಿ ನಿಂತಿದ್ದಾಗ ನಮ್ಮ ಪಕ್ಕದ ಬೀಗದಂಗಡಿಯವನು ಫೋನ್ ಮಾಡಿದ. "ಅಕ್ಕಾ, ಅಂಗಡಿ ಕಡೆ ಬರ್ಬೇಡಿ. ಇಬ್ಬರು ಪೊಲೀಸರು ಬಂದು ನಿಮ್ಮನ್ನ ಕೇಳ್ಕೊಂಡು ಹೋದ್ರು. ನೀವು ಹೊಡೆದ್ರಿ ಅಂತ ನಿಮ್ಮ ತಮ್ಮ ಕಂಪ್ಲೇಂಟ್ ಕೊಟ್ಟಿದಾನಂತೆ." ಏಣಿಯಿಂದ ಇಳಿದವಳು ನೇರ ಚಿಕ್ಕಮ್ಮನ ಮನೆಗೆ ಬಂದೆ. ಕೈಯಲ್ಲಿ ಈ ಪುಸ್ತಕ, ಕಿವಿಸಂದಿಯಲ್ಲಿ ಪೆನ್ಸಿಲ್, ಮೈಮೇಲೆ ಕೆಲಸದ ಬಟ್ಟೆ. ಐವತ್ತನಾಲ್ಕನೇ ವಯಸ್ಸಿಗೆ ತಲೆಮರೆಸಿಕೊಂಡ ಆಸಾಮಿಯಾಗಿದ್ದೇನೆ.

ನಡೆದದ್ದು ಇಷ್ಟು. ನನ್ನ ತಮ್ಮ ಎನ್ನುವ ಮಹಾಶಯ ಇಪ್ಪತ್ತು ವರ್ಷ ಅಪ್ಪನ ಗಾಜಿನಂಗಡಿಯಲ್ಲಿ ನನ್ನ ಜೊತೆ ಕೆಲಸ ಮಾಡಿದ. ಕೆಲಸ ಕಲಿಸಿದ್ದು ನಾನೇ. ಈಗ ಹೆಂಡತಿಯ ಜೊತೆ ಸೇರಿ ಎದುರು ಬೀದಿಯಲ್ಲೇ ಬೇರೆ ಅಂಗಡಿ ತೆರೆಯುತ್ತಾನಂತೆ. ತೆರೆಯಲಿ, ನನಗೇನು. ಆದರೆ ಶನಿವಾರ ಬಂದು, "ಈ ಹಾಳೆಗಳು ನನ್ನ ಗಿರಾಕಿಗೆ ತರಿಸಿದ್ದು" ಎಂದು ಗಾಜು ಎತ್ತಿಕೊಂಡು ಹೊರಟ. ಮಾತಿಗೆ ಮಾತು ಬೆಳೆಯಿತು. ಗಾಜು ಒಡೆಯಿತು. ಅವನ ಕೈ ಕೊಯ್ದುಹೋಯಿತು. ಇದರಲ್ಲಿ ಹಲ್ಲೆ ಎಲ್ಲಿಂದ ಬಂತು?

ಜೈಲಿಗಂತೂ ನಾನು ಹೋಗುವುದಿಲ್ಲ. ಅಪ್ಪ ತೀರಿಕೊಂಡ ವಾರವೂ ಆ ಅಂಗಡಿಯ ಬಾಗಿಲು ತೆಗೆದವಳು ನಾನು. ಇವನ ಒಂದು ಕಾಗದಕ್ಕೆ ಬಾಗಿಲು ಹಾಕಿಕೊಂಡು ಕೂರುವವಳಲ್ಲ.

ಮಾರ್ಚ್ 5, ಬುಧವಾರ

ಚಿಕ್ಕಮ್ಮ ನಮ್ಮಮ್ಮನ ತಂಗಿ. ಎಪ್ಪತ್ತು ದಾಟಿದೆ. ಮನೆಯಲ್ಲೇ ಕೂತು ಅಂಗಿಗಳಿಗೆ ಗುಂಡಿ ಹೊಲಿದು ಕೊಡುತ್ತಾಳೆ. ಇಲ್ಲಿ ಎಲ್ಲಿ ಕೂತರೂ ಕೆಳಗೊಂದು ಗುಂಡಿ. ನಿನ್ನೆಯಿಂದ ಏನೂ ಕೇಳಿಲ್ಲ, ಊಟ ಬಡಿಸುತ್ತಾಳೆ, ಮತ್ತೆ ಸೂಜಿಗೆ ದಾರ ಪೋಣಿಸುತ್ತಾಳೆ. ಅವಳಿಗೆ ನಾನೂ ಬೇಕು, ಅವನೂ ಬೇಕು. ಅದು ಅವಳ ಕಷ್ಟ.

ಪರಿಚಯದ ವಕೀಲಮ್ಮ ಒಬ್ಬರ ಕಚೇರಿಗೆ ಹಿಂದಿನ ಮೆಟ್ಟಿಲಿನಿಂದ ಹೋದೆ. ಅಲ್ಲಿಯ ಗಾಜಿನ ಗೋಡೆ ಹಾಕಿದ್ದು ನಾವೇ. ಕುರ್ಚಿಗಿಂತ ಮೊದಲು ಅದರ ಅಂಚು ನೋಡಿದೆ. ಚೆನ್ನಾಗಿದೆ.

"ನಿರೀಕ್ಷಣಾ ಜಾಮೀನು ಅಂತ ಒಂದಿದೆ ಅಮ್ಮಾ. ಅವರು ನಿಮ್ಮನ್ನ ಹಿಡಿಯೋಕೆ ಮೊದಲೇ ನಾವು ಕೋರ್ಟಿಗೆ ಹೋಗೋದು. ಹಿಡಿದ್ರೂ ಒಳಗೆ ಕೂರಿಸ್ಬಾರ್ದು, ಅಲ್ಲೇ ಬಿಡ್ಬೇಕು ಅಂತ ಆದೇಶ ತರೋದು."

"ಹಿಡಿದ್ಮೇಲೆ ಕೇಳಿದ್ರೆ?"

"ಹಿಡಿದ್ಮೇಲೆ ಇದು ಸಿಗಲ್ಲ. ಅದಕ್ಕೇ ಹೇಳ್ತಿರೋದು, ಸೋಮವಾರದವರೆಗೆ ಯಾರ ಕಣ್ಣಿಗೂ ಬೀಳ್ಬೇಡಿ. ಈಗ ಹೇಳಿ, ನೀವು ಅವರನ್ನ ಹೊಡೆದ್ರಾ?"

"ಇಲ್ಲ."

"ಮುಟ್ಟಿದ್ರಾ?"

"ಗಾಜು ಒಡೀತು" ಅಂದೆ.

ವಕೀಲಮ್ಮ ಅದನ್ನು ಬರೆದುಕೊಳ್ಳದೆ ಅದೇ ಪ್ರಶ್ನೆಯನ್ನು ಇನ್ನೊಮ್ಮೆ ಕೇಳಿದರು. ಕೇಳಿದ್ದಕ್ಕೆ ಉತ್ತರ ಕೊಟ್ಟಿದ್ದೇನೆ, ಇನ್ನೇನು ಬೇಕು ಅವರಿಗೆ?

ಮಾರ್ಚ್ 7, ಶುಕ್ರವಾರ

ಫಿರ್ಯಾದಿನ ಪ್ರತಿ ಸಿಕ್ಕಿತು. ಓದಿ ಮೈಯೆಲ್ಲ ಉರಿಯಿತು.

ನಾನು ಕಬ್ಬಿಣದ ಅಳತೆಪಟ್ಟಿಯಿಂದ ಅವನ ಬೆನ್ನಿಗೂ ತೋಳಿಗೂ ಹೊಡೆದೆನಂತೆ. ಅವನು ತಪ್ಪಿಸಿಕೊಳ್ಳಲು ಹೋಗಿ ಮೂಲೆಯಲ್ಲಿದ್ದ ಗಾಜಿನ ಚೂರುಗಳ ಮೇಲೆ ಬಿದ್ದನಂತೆ. ಮೂಲೆಯಲ್ಲಿ ಚೂರು! ನಮ್ಮ ಅಂಗಡಿಯ ಮೂಲೆಯಲ್ಲಿ ಚೂರು ಬಿದ್ದಿದ್ದನ್ನು ಯಾರಾದರೂ ನೋಡಿದ್ದಾರೆಯೇ? ದಿನಕ್ಕೆ ಮೂರು ಸಲ ಗುಡಿಸುತ್ತೇನೆ. ಅಪ್ಪನ ಕಾಲದ ಆ ಪಟ್ಟಿಯನ್ನು ನಾನು ಮೇಜಿನ ಮೇಲೂ ಜೋರಾಗಿ ಇಟ್ಟವಳಲ್ಲ, ಬಾಗಿದರೆ ಅಳತೆ ಕೆಟ್ಟೀತೆಂದು. ಅದರಲ್ಲಿ ಮನುಷ್ಯನಿಗೆ ಹೊಡೆಯುತ್ತೇನೆಯೇ?

ವಕೀಲಮ್ಮನಿಗೆ ಮಾತ್ರ ಖುಷಿ. "ಸುಳ್ಳು ಬರೆಸಿದಾರೆ, ಒಳ್ಳೇದೇ ಆಯ್ತು. ಆಸ್ಪತ್ರೆ ವರದೀಲಿ ಗಾಜಿನ ಗಾಯ ಬಿಟ್ರೆ ಬೇರೆ ಏಟಿನ ಗುರುತೇ ಇಲ್ಲ. ಇದನ್ನೇ ಹಿಡ್ಕೊಂಡು ವಾದ ಮಾಡೋಣ."

ಹಿಡಿದುಕೊಳ್ಳೋಣ, ಬಿಡುವುದಿಲ್ಲ. ಫಿರ್ಯಾದುದಾರ ಮಹಾಶಯನಿಗೆ ನಾನು ಯಾರು ಎಂದು ಗೊತ್ತಾಗಲಿ. ಇದು ಅವನ ಹೆಂಡತಿಯ ತಲೆಯಿಂದ ಬಂದ ಸುಳ್ಳು ಎಂದು ಬರೆಯಬೇಕೆನಿಸಿತ್ತು. ಆದರೆ ಅವಳಿಗೆ ಅಳತೆಪಟ್ಟಿ ಎಲ್ಲಿರುತ್ತದೆ ಎನ್ನುವುದೂ ಗೊತ್ತಿಲ್ಲ. ಸುಳ್ಳು ಇವನದೇ.

ಮಾರ್ಚ್ 8, ಶನಿವಾರ

ಒಂದು ವಿಷಯ ತಲೆಗೆ ಹತ್ತುತ್ತಿಲ್ಲ. ಮೂರು ಪುಟದ ಫಿರ್ಯಾದಿನಲ್ಲಿ ಅವನ ಕೈಯಲ್ಲಿ ಗಾಜಿತ್ತು ಎಂದು ಒಂದು ಕಡೆಯೂ ಇಲ್ಲ.

ಇದನ್ನು ವಕೀಲಮ್ಮನಿಗೆ ಹೇಳಿದರೆ, "ಇದ್ರೇನು, ಇಲ್ದಿದ್ರೇನು?" ಎಂದರು. ಅವರಿಗೆ ಹೇಗೆ ತಿಳಿಯಬೇಕು. ನಮ್ಮ ಕಸುಬಿನಲ್ಲಿ ಗಾಜು ಹೊತ್ತವನನ್ನು ಯಾರೂ ಮುಟ್ಟುವುದಿಲ್ಲ, ಮಾತಾಡಿಸುವುದೂ ಇಲ್ಲ. ಅವನ ಎರಡು ಕೈಯೂ ಕಟ್ಟಿದಂತೆ. ತಿರುಗಲಾರ, ತಡೆಯಲಾರ. ಅಮ್ಮ ಆಸ್ಪತ್ರೆಯಲ್ಲಿದ್ದಾಗ ಒಂದು ಮಧ್ಯಾಹ್ನ ಅಂಗಡಿಗೆ ಫೋನ್ ಬಂತು. ನಾನು ಎತ್ತಿದೆ. ಅಮ್ಮ ತೀರಿಕೊಂಡರು ಎಂದು ಹೇಳಿದರು. ಅಪ್ಪ ಆಗ ಕನ್ನಡಿ ಹೊತ್ತು ಬಾಗಿಲಿನಿಂದ ಒಳಗೆ ಬರುತ್ತಿದ್ದರು. ನಾನು ಫೋನ್ ಹಿಡಿದುಕೊಂಡು ಗೋಡೆಗಂಟಿ ನಿಂತೆ. ಅವರು ಹನ್ನೆರಡು ಹೆಜ್ಜೆ ನಡೆದು, ಕನ್ನಡಿಯನ್ನು ಗಾಜು ನಿಲ್ಲಿಸುವ ಚೌಕಟ್ಟಿಗೆ ಒರಗಿಸಿ, ಕೈ ಒರೆಸಿಕೊಂಡ ಮೇಲೆ ಹೇಳಿದೆ. ತಮ್ಮ ಆಗ ಚಿಕ್ಕವನು, ಮೇಜಿನ ಕೆಳಗೆ ಆಡುತ್ತಿದ್ದ. ನನ್ನ ಮುಖ ನೋಡಿ ಅವನೂ ಬಾಯಿ ಮುಚ್ಚಿಕೊಂಡೇ ಇದ್ದ.

ಗಾಜು ಹೊತ್ತವನ ಮೇಲೆ ಕೈ ಮಾಡಿದರು ಎಂದು ಗೊತ್ತಾದರೆ ಗಾಜಿನ ಕೆಲಸದವರು ಯಾರೂ ಆ ಅಂಗಡಿಗೆ ಮತ್ತೆ ಕಾಲಿಡುವುದಿಲ್ಲ. ಲಾರಿಯವರು ಮಾಲು ಇಳಿಸುವುದಿಲ್ಲ. ಅದು ಅವನಿಗೂ ಗೊತ್ತು. ನನ್ನನ್ನು ಮುಳುಗಿಸಲು ಅದೊಂದೇ ಸಾಲು ಸಾಕಿತ್ತು.

ಅವನ ಕೈಯಲ್ಲಿ ಹಾಳೆ ಇತ್ತು. ನನ್ನ ಕೈ ಅವನ ಹೆಗಲಿಗೆ ತಾಗಿತು. ತಾಗಿತು, ಅಷ್ಟೇ. ಅದನ್ನು ಬಿಟ್ಟು ಇಲ್ಲದ ಪಟ್ಟಿಯನ್ನು ಯಾಕೆ ಬರೆಸಿದ?

ಮಾರ್ಚ್ 10, ಸೋಮವಾರ

ಅರ್ಜಿ ಹಾಕಿ ಆಯಿತು. ಹತ್ತೊಂಬತ್ತರವರೆಗೆ ಬಂಧಿಸಬಾರದೆಂದು ಮಧ್ಯಂತರ ಆದೇಶ ಸಿಕ್ಕಿದೆ. ಆ ದಿನ ಸರ್ಕಾರಿ ವಕೀಲರ ತಕರಾರು ಕೇಳಿ ತೀರ್ಮಾನ ಮಾಡುತ್ತಾರಂತೆ. ತಳ್ಳಿಹಾಕಿದರೆ ಅಲ್ಲಿಂದಲೇ ಎಳೆದುಕೊಂಡು ಹೋಗಬಹುದು.

ಒಂಬತ್ತು ದಿನ ಸಿಕ್ಕಿತು. ನಾಳೆಯೇ ಅಂಗಡಿ ತೆಗೆಯುತ್ತೇನೆ. ಚಿಕ್ಕಮ್ಮನ ಗುಂಡಿಗಳಿಂದ ಬಿಡುಗಡೆ.

ಮಾರ್ಚ್ 12, ಬುಧವಾರ

ನಿನ್ನೆ ಇಡೀ ದಿನ ಗುಡಿಸಿದೆ. ಪೊಲೀಸರು ಪಟ್ಟಿಯನ್ನು ಸಾಕ್ಷ್ಯವೆಂದು ತೆಗೆದುಕೊಂಡು ಹೋಗಿದ್ದಾರೆ. ಮರದ ಪಟ್ಟಿ ಇಟ್ಟು ಶಾಲೆಯ ಗಾಜು ಕತ್ತರಿಸಿದೆ. ಒಬ್ಬಳೇ ಇದ್ದಾಗ ದೊಡ್ಡ ಹಾಳೆಯನ್ನು ಮೇಜಿನ ಮೇಲೆ ತಿರುಗಿಸುವುದು ಕಷ್ಟ. ಎರಡು ಸಲ "ಆ ಕಡೆ ಹಿಡಿಯೋ" ಅಂದುಬಿಟ್ಟೆ. ಇಪ್ಪತ್ತು ವರ್ಷದ ಚಾಳಿ, ಹೋಗಲು ಸಮಯ ಬೇಕು.

ವಕೀಲಮ್ಮ ಅಂಗಡಿಯ ನಕ್ಷೆ ಕೇಳಿದ್ದಾರೆ, ಯಾರು ಎಲ್ಲಿ ನಿಂತಿದ್ದರು ಎಂದು. ನಕ್ಷೆ ಬರೆಯುವುದು ನನಗೆ ನೀರು ಕುಡಿದಷ್ಟು ಸುಲಭ. ಅಳೆದೇ ಬರೆದೆ. ಎಡಗೋಡೆಗೆ ಗಾಜು ನಿಲ್ಲಿಸುವ ಚೌಕಟ್ಟು, ನಡುವೆ ಮೇಜು, ಎದುರಿಗೆ ಬಾಗಿಲು. ಮೇಜಿಗೂ ಚೌಕಟ್ಟಿಗೂ ನಡುವೆ ಮೂರೂವರೆ ಅಡಿ ದಾರಿ. ಅವನು ಆ ದಾರಿಯಲ್ಲಿ, ಹಾಳೆಯನ್ನು ಮೇಜಿನ ಕಡೆಯ ಪಕ್ಕಕ್ಕೆ ನೆಟ್ಟಗೆ ಹಿಡಿದುಕೊಂಡು. ಅವನ ಬೆನ್ನ ಹಿಂದೆ ಚೌಕಟ್ಟು. ನಾನು ಮೇಜಿಗೆ ಬೆನ್ನು ಕೊಟ್ಟು ಅವನೆದುರು.

ನನ್ನ ಕೈ ಅವನ ಹೆಗಲಿಗೆ. ಅವನು ಹಿಂದಕ್ಕೆ ಹೋದ. ಹಾಳೆ ವಾಲಿತು.

ಹಾಳೆ ಯಾವ ಕಡೆ ವಾಲಿತು ಎಂದು ಬಾಣದ ಗುರುತು ಹಾಕಬೇಕಿತ್ತು. ಮೂರು ಸಲ ಹಾಕಿದೆ, ಮೂರು ಸಲ ಅಳಿಸಿದೆ. ಎದ್ದು ಆ ಜಾಗದಲ್ಲೇ ನಿಂತು ನೋಡಿದೆ. ಹಾಳೆಯ ತಲೆ ವಾಲಿದ್ದು ನನ್ನ ಕಡೆಗೆ. ನನ್ನ ಬೆನ್ನಿಗೆ ಮೇಜು. ನಾನು ಒಂದು ಹೆಜ್ಜೆಯೂ ಹಿಂದೆ ಸರಿಯುವಂತಿರಲಿಲ್ಲ.

ಬೀಳುವ ಗಾಜನ್ನು ಹಿಡಿಯಬೇಡ, ಬಿಡು, ಹಿಂದೆ ಸರಿ. ಅವನಿಗೆ ಹೇಳಿಕೊಟ್ಟ ಮೊದಲ ಪಾಠ ಅದು. ಇಪ್ಪತ್ತು ವರ್ಷದಲ್ಲಿ ಅವನ ಕೈಯಿಂದ ಎಷ್ಟೋ ಗಾಜು ಜಾರಿದೆ. ಪ್ರತಿ ಸಲವೂ ಬಿಟ್ಟು ಹಿಂದೆ ಸರಿದಿದ್ದಾನೆ, ಒಂದು ಗೀರೂ ಆಗಿಲ್ಲ. ಆ ಶನಿವಾರ ಬಿಡಲಿಲ್ಲ. ಹಾಳೆಯನ್ನು ತನ್ನ ಕಡೆಗೆ ಎಳೆದುಕೊಂಡ. ಅದರ ಒಂದು ತುದಿ ಚೌಕಟ್ಟಿಗೆ ಬಡಿದು ಹಾಳೆ ಅವನ ಕೈಯ ಮೇಲೇ ಒಡೆಯಿತು.

ನಕ್ಷೆ ಮುಗಿಸಲಿಲ್ಲ.

ಮಾರ್ಚ್ 13, ಗುರುವಾರ

ಕೆಲಸ ಆಗಲಿಲ್ಲ.

ಮಾರ್ಚ್ 14, ಶುಕ್ರವಾರ

ಬರೆಯುವಂಥದ್ದು ಏನೂ ಇಲ್ಲ. ಚಿಕ್ಕಮ್ಮ ಅಂಗಡಿಗೆ ಬಂದಿದ್ದಳು, ಅವನನ್ನು ನೋಡಿಕೊಂಡು ಆಸ್ಪತ್ರೆಯಿಂದ ನೇರವಾಗಿ. ಅವನ ಬಲಗೈ ಮಣಿಕಟ್ಟಿನಲ್ಲಿ ನರ ಕೊಯ್ದುಹೋಗಿ ಎರಡು ಬೆರಳು ಮಡಚಲು ಬರುವುದಿಲ್ಲವಂತೆ. ಬಂದರೂ ಬರಬಹುದು, ಆರು ತಿಂಗಳು ನೋಡಬೇಕು ಎಂದರಂತೆ ಡಾಕ್ಟರು. ಕತ್ತರಿಸುವ ಕೈ ಅದು. ಹೊಸ ಅಂಗಡಿಗೆ ತೆರೆಯುವ ಮೊದಲೇ ಬೀಗ ಹಾಕಿದ್ದಾರೆ.

"ಅವನು ನಿನ್ನ ಬಗ್ಗೆ ಏನೂ ಕೇಳ್ಲಿಲ್ಲ. ನಾನೂ ಹೇಳ್ಲಿಲ್ಲ" ಎಂದಳು. ಆಮೇಲೆ, "ನಾನು ಇಷ್ಟು ದಿನ ನಿನ್ನ ಕೇಳಿಲ್ಲ. ಈಗ ಕೇಳ್ತೀನಿ. ತಳ್ಳಿದ್ಯಾ?" ಎಂದಳು.

"ಹೂಂ."

"ಗಾಜಿತ್ತಾ ಕೈಯಲ್ಲಿ?"

"ಇತ್ತು."

ಬೈಯುತ್ತಾಳೆ ಎಂದುಕೊಂಡೆ. ಬೈಯಲಿಲ್ಲ. ಅಪ್ಪನ ಅಂಗಡಿಯಲ್ಲಿ ಅವಳೂ ಕೆಲಸ ಮಾಡಿದವಳೇ. ಮೇಜಿನ ಅಂಚನ್ನು ಕೈಯಿಂದ ಸವರುತ್ತಾ ಕೂತಳು, ಚೀಲ ತೆಗೆದುಕೊಂಡು ಹೊರಟುಹೋದಳು. ಬೈದಿದ್ದರೆ ತಿರುಗಿ ಎರಡು ಮಾತು ಆಡಬಹುದಿತ್ತು. ಅದಕ್ಕೂ ದಾರಿ ಇಲ್ಲದಂತೆ ಮಾಡಿ ಹೋದಳು.

ಆ ಪಟ್ಟಿಯ ಸುಳ್ಳು ಯಾಕೆಂದು ಈಗ ಗೊತ್ತಾಗುತ್ತಿದೆ. ಅಕ್ಕ ಪಟ್ಟಿಯಲ್ಲಿ ಹೊಡೆದಳು ಎಂದರೆ ಅದು ಮನೆ ಜಗಳ, ಯಾರ ಮನೆಯಲ್ಲಿ ಇಲ್ಲ. ಗಾಜು ಹೊತ್ತಿದ್ದಾಗ ತಳ್ಳಿದಳು ಎಂದು ತಮ್ಮನ ಬಾಯಿಂದ ಬಂದಿಲ್ಲ. ನನ್ನನ್ನು ಜೈಲಿಗೆ ಕಳಿಸಲು ಅವನಿಗೆ ಮನಸ್ಸಿದೆ, ನನ್ನ ಅಂಗಡಿ ಮುಚ್ಚಿಸಲು ಇಲ್ಲ. ಎಂಥ ಮನುಷ್ಯ ಇವನು! ಕೋಪ ಬರುತ್ತದೆ. ಕೋಪ ಬಂದು ಅಳುವೂ ಬರುತ್ತದೆ.

ಮಾರ್ಚ್ 17, ಸೋಮವಾರ

ವಕೀಲಮ್ಮನ ಜೊತೆ ದೊಡ್ಡ ಜಗಳ.

ಹೊಸದಾಗಿ ಒಂದು ಪ್ರಮಾಣಪತ್ರ ಟೈಪ್ ಮಾಡಿಸಿ ಇಟ್ಟಿದ್ದರು, ಸಹಿ ಮಾಡಬೇಕಂತೆ. ಏಳನೇ ಸಾಲು ಹೀಗಿತ್ತು: "ಫಿರ್ಯಾದುದಾರರು ಅಜಾಗರೂಕತೆಯಿಂದ ಗಾಜನ್ನು ಸಾಗಿಸುವಾಗ ತಾವಾಗಿಯೇ ಬಿದ್ದು ಗಾಯಗೊಂಡಿರುತ್ತಾರೆ."

"ಅಜಾಗರೂಕತೆ ಅನ್ನೋದನ್ನ ತೆಗೀರಿ. ಅವನಷ್ಟು ಜಾಗರೂಕವಾಗಿ ಗಾಜು ಹಿಡಿಯೋರು ಈ ಊರಲ್ಲಿಲ್ಲ."

"ಸರಿ, ತೆಗೆದೆ."

"ತಾವಾಗಿಯೇ ಬಿದ್ದು ಅನ್ನೋದನ್ನೂ ತೆಗೀರಿ. ಅವನು ಬೀಳ್ಲಿಲ್ಲ. ನಾನು ತಳ್ಳಿದೆ."

ವಕೀಲಮ್ಮ ಪೆನ್ನು ಕೆಳಗಿಟ್ಟರು. ಎದ್ದು ಹೋಗಿ ಬಾಗಿಲು ಹಾಕಿಕೊಂಡು ಬಂದರು. "ಅಮ್ಮಾ, ನೀವು ನನ್ನ ಹತ್ರ ಬಂದಿದ್ದು ಯಾಕೆ? ಒಳಗೆ ಹೋಗ್ಬಾರ್ದು ಅಂತ ತಾನೇ? ನೀವು ತಳ್ಳಿದ್ದು ಯಾರೂ ಹೇಳ್ತಿಲ್ಲ. ಅವರೇ ಹೇಳ್ತಿಲ್ಲ! ಸುಮ್ನೆ ಇದ್ದುಬಿಡಿ ಸಾಕು. ಕೋರ್ಟಲ್ಲಿ ಸುಮ್ನಿರೋದು ತಪ್ಪಲ್ಲ, ಅದು ನಿಮ್ಮ ಹಕ್ಕು."

"ಸುಮ್ನಿರ್ತೀನಿ. ಆದ್ರೆ ಇದಕ್ಕೆ ಸಹಿ ಹಾಕಲ್ಲ."

"ಜಾಮೀನು ಸಿಗ್ಲಿಲ್ಲ ಅಂದ್ರೆ?"

"ಸಿಗ್ಬೇಕು. ಅದಕ್ಕೇ ನಿಮ್ಮನ್ನ ಇಟ್ಕೊಂಡಿರೋದು."

ಅವರಿಗೆ ಸಿಟ್ಟು ಬಂತು, ಆಮೇಲೆ ನಗುವೂ ಬಂತು. ಕಾಗದ ಹರಿದು ಬುಟ್ಟಿಗೆ ಹಾಕಿದರು. "ಬುಧವಾರ ನೀವು ಬರಲೇಬೇಕು ಅಂತೇನಿಲ್ಲ. ಬರದಿದ್ರೇ ಒಳ್ಳೇದು. ಆದೇಶ ಉಲ್ಟಾ ಆದ್ರೆ ಬಾಗಿಲಲ್ಲೇ ಹಿಡೀತಾರೆ" ಎಂದರು.

ಹೋಗುತ್ತೇನೆ. ಶಾಲೆಯ ಗಾಜು ಕತ್ತರಿಸುವುದನ್ನು ಇವತ್ತು ಮುಗಿಸಿಬಿಟ್ಟೆ. ಕೂರಿಸಲು ಉಳಿದ ಎರಡು ಕಿಟಕಿಗೆ ಯಾವ ಗಾಜು ಎಂದು ಅಂಚಿನಲ್ಲಿ ಬರೆದಿಟ್ಟಿದ್ದೇನೆ. ನಾನು ಬರದಿದ್ದರೂ ಬೇರೆ ಯಾರಾದರೂ ಕೂರಿಸಬಹುದು. ಅಂಗಡಿಯ ಒಂದು ಬೀಗದ ಕೈ ಚಿಕ್ಕಮ್ಮನಿಗೆ ಕೊಟ್ಟೆ.

ಮಾರ್ಚ್ 19, ಬುಧವಾರ

ಎಲ್ಲವನ್ನೂ ಇದ್ದದ್ದು ಇದ್ದ ಹಾಗೆ ಬರೆಯುತ್ತೇನೆ.

ಕೋರ್ಟಿನ ಕೋಣೆ ನಾನು ಅಂದುಕೊಂಡದ್ದಕ್ಕಿಂತ ಚಿಕ್ಕದು. ಕಿಟಕಿಯ ಒಂದು ಗಾಜು ಒಡೆದು ರಟ್ಟು ಹಾಕಿದ್ದರು. ನನ್ನ ತಮ್ಮ ಮೊದಲ ಸಾಲಿನ ತುದಿಯಲ್ಲಿ ಕೂತಿದ್ದ, ಪಕ್ಕದಲ್ಲಿ ಅವನ ಹೆಂಡತಿ. ಬಲಗೈಗೆ ಮೊಣಕೈವರೆಗೂ ಬ್ಯಾಂಡೇಜು. ತೆಳ್ಳಗಾಗಿದ್ದಾನೆ. ನಾನು ಕೊನೆಯ ಸಾಲಿನಲ್ಲಿ ಚಿಕ್ಕಮ್ಮನ ಜೊತೆ ಕೂತೆ. ಅವನು ತಿರುಗಿ ನೋಡಲಿಲ್ಲ.

ವಕೀಲಮ್ಮ ಚೆನ್ನಾಗಿ ಮಾತಾಡಿದರು. ಏಟಿನ ಗುರುತಿಲ್ಲ, ಇದು ಕುಟುಂಬದ ಜಗಳ, ಅರ್ಜಿದಾರರು ಎಲ್ಲಿಗೂ ಓಡಿಹೋಗುವವರಲ್ಲ. ಸರ್ಕಾರಿ ವಕೀಲರು ಎದ್ದು, ಪಟ್ಟಿಯಿಂದ ಹೊಡೆದಿದ್ದಾರೆ, ಒಬ್ಬ ಕೆಲಸಗಾರನ ಕೈ ಹೋಗಿದೆ, ಜಾಮೀನು ಕೊಡಬಾರದು ಎಂದರು. ನ್ಯಾಯಾಧೀಶರು ಕಾಗದ ತಿರುವಿಹಾಕಿ ಕನ್ನಡಕದ ಮೇಲಿನಿಂದ ನೋಡಿದರು. "ಪಟ್ಟಿಯ ಏಟು ವರದಿಯಲ್ಲಿಲ್ಲ. ಚೂರಿನ ಮೇಲೆ ಬಿದ್ದರೆ ಮಣಿಕಟ್ಟಿಗೆ ಮಾತ್ರ ಹೀಗೆ ಗಾಯ ಆಗುತ್ತಾ? ಗಾಯ ಆಗಿದ್ದು ಹೇಗೆ, ಯಾರಾದರೂ ಹೇಳ್ತೀರಾ?"

ಸರ್ಕಾರಿ ವಕೀಲರು ಕಾಗದ ಹುಡುಕಿದರು. ವಕೀಲಮ್ಮ, "ತಳ್ಳಾಟದಲ್ಲಿ ಏನೋ..." ಎಂದು ನಿಲ್ಲಿಸಿದರು. ನನ್ನ ತಮ್ಮ ತಲೆ ತಗ್ಗಿಸಿಕೊಂಡಿದ್ದ. ಅವನು ಹೇಳುವುದಿಲ್ಲ ಎಂದು ನನಗೆ ಗೊತ್ತಾಯಿತು. ಸಾಯುವವರೆಗೂ ಹೇಳುವುದಿಲ್ಲ.

ಎದ್ದು ನಿಂತೆ. ಚಿಕ್ಕಮ್ಮ ತಡೆಯಲಿಲ್ಲ.

"ನಾನು ಹೇಳ್ತೀನಿ ಸ್ವಾಮಿ. ಪಟ್ಟಿ ಇರಲಿಲ್ಲ. ಅವನ ಕೈಯಲ್ಲಿ ಗಾಜಿತ್ತು. ಗಾಜು ಹೊತ್ತಿದ್ದಾಗ ನಾನು ಅವನನ್ನ ತಳ್ಳಿದೆ."

ವಕೀಲಮ್ಮ ಕೈ ಬೀಸಿ ಕೂರಲು ಹೇಳಿದರು. ನ್ಯಾಯಾಧೀಶರು, "ಅಮ್ಮಾ, ನೀವೀಗ ಹೇಳ್ತಿರೋದು ನಾಳೆ ನಿಮಗೇ ಮುಳುವಾಗಬಹುದು. ಗೊತ್ತಿದೆಯಾ?" ಎಂದರು.

"ಗೊತ್ತಿದೆ. ಅವನು ಗಾಜನ್ನ ಬಿಟ್ಟಿದ್ರೆ ಅವನಿಗೆ ಏನೂ ಆಗ್ತಿರಲಿಲ್ಲ. ಬಿಡೋದು ಅವನಿಗೆ ಗೊತ್ತು, ನಾನೇ ಕಲಿಸಿದ್ದು. ಬಿಟ್ಟಿದ್ರೆ ನನ್ನ ಮೇಲೆ ಬೀಳ್ತಿತ್ತು. ಅದಕ್ಕೇ ಬಿಡಲಿಲ್ಲ. ಇಷ್ಟೇ ಸ್ವಾಮಿ."

ಕೂತೆ. ಹಿಂದಿನ ಗೋಡೆಗೆ ಒರಗಿ ನಿಂತಿದ್ದ ಒಬ್ಬ ಲಾರಿ ಚಾಲಕ, ನಮಗೆ ಮಾಲು ತರುವವನೇ, ಬೇರೆ ಯಾವುದೋ ಕೇಸಿಗೆ ಬಂದಿದ್ದನಂತೆ, ನನ್ನನ್ನು ನೋಡಿ ಮುಖ ತಿರುಗಿಸಿ ಹೊರಗೆ ಹೋದ. ಸಂಜೆಯೊಳಗೆ ಕಸುಬಿನವರಿಗೆಲ್ಲ ಗೊತ್ತಾಗುತ್ತದೆ. ಗೊತ್ತಾಗಲಿ.

ಆದೇಶ ಮಧ್ಯಾಹ್ನಕ್ಕೆ ಎಂದರು. ಎರಡೂವರೆ ಗಂಟೆ ಆ ಬೆಂಚಿನ ಮೇಲೆ ಕೂತಿದ್ದೆ. ಬಾಗಿಲ ಬಳಿ ಇಬ್ಬರು ಪೊಲೀಸರು ನಿಂತಿದ್ದರು.

ಜಾಮೀನು ಸಿಕ್ಕಿತು. ಅರ್ಜಿದಾರರು ತಪ್ಪಿಸಿಕೊಂಡು ಹೋಗುವ ಸ್ವಭಾವದವರಲ್ಲ ಎನ್ನುವುದನ್ನು ನ್ಯಾಯಾಲಯ ಕಣ್ಣಾರೆ ಕಂಡಿದೆ ಎಂದು ಬರೆಸಿದರು. ಷರತ್ತುಗಳಿವೆ. ಪ್ರತಿ ಭಾನುವಾರ ಠಾಣೆಗೆ ಹೋಗಿ ಸಹಿ ಹಾಕಬೇಕು. ಊರು ಬಿಡಬಾರದು. ಫಿರ್ಯಾದುದಾರರನ್ನಾಗಲಿ ಅವರ ಮನೆಯವರನ್ನಾಗಲಿ ಮಾತಾಡಿಸಬಾರದು. ಕೇಸು ಮುಗಿಯುವವರೆಗೆ.

"ಬೇಲ್ ಗೆದ್ವಿ, ಕೇಸು ಸೋತ್ವಿ" ಎಂದು ವಕೀಲಮ್ಮ ಗೊಣಗಿದರು. "ಒಂದು ಮಾತಾಡಿದ್ರೂ ಜಾಮೀನು ರದ್ದು. ನೆನಪಿರ್ಲಿ."

ಹೊರಗಿನ ಮೆಟ್ಟಿಲ ಮೇಲೆ ಅವರಿಬ್ಬರೂ ನಿಂತಿದ್ದರು. ಬೇರೆ ದಾರಿ ಇರಲಿಲ್ಲ. ನಾನು ಕಂಬದ ಬಳಿ ನಿಂತುಕೊಂಡೆ, ಅವರು ಹೋಗಲಿ ಎಂದು. ಅವರು ಹೋಗಲಿಲ್ಲ. ತಮ್ಮ ತನ್ನ ಹೆಂಡತಿಯ ಕಿವಿಯಲ್ಲಿ ಏನೋ ಹೇಳಿದ. ಅವಳು ಎರಡು ಮೆಟ್ಟಿಲು ಹತ್ತಿ ಬಂದಳು. ಅವಳ ಮುಖದಲ್ಲಿ ಸಿಟ್ಟು ಹಾಗೇ ಇತ್ತು.

"ಅತ್ತಿಗೆ, ಆವತ್ತು ನಿಮಗೆಲ್ಲಾದ್ರೂ ತಾಗ್ತಾ ಅಂತ ಕೇಳ್ತಿದಾರೆ. ಆಸ್ಪತ್ರೆಗೆ ಹೋದ ದಿನದಿಂದ ನನ್ನ ಅದನ್ನೇ ಕೇಳ್ತಿದಾರೆ. ನನಗೇನು ಗೊತ್ತು?"

ವಕೀಲಮ್ಮ ನನ್ನ ಬೆನ್ನಿಗೆ ಚುಚ್ಚಿದರು. ಬಾಯಿ ತುದಿಗೆ ಎಷ್ಟೆಲ್ಲ ಬಂದಿತ್ತು. ಒಂದನ್ನೂ ಆಡಲಿಲ್ಲ. ಅಂಗಿಯ ಎರಡೂ ತೋಳುಗಳ ಗುಂಡಿ ಬಿಚ್ಚಿ ಮೊಣಕೈ ದಾಟಿಸಿ ಮಡಚಿದೆ. ಕೈಗಳನ್ನು ಮುಂದಕ್ಕೆ ಚಾಚಿ, ಮೇಲೆ ಕೆಳಗೆ ತಿರುಗಿಸಿ ಅವನಿಗೆ ತೋರಿಸಿದೆ. ಒಂದು ಗೀರೂ ಇರಲಿಲ್ಲ.

ಅವನು ಕೆಳಗಿನ ಮೆಟ್ಟಿಲಿನಿಂದಲೇ ನೋಡಿದ. ಬಲಗೈ ನೋಡಿದ, ಎಡಗೈ ನೋಡಿದ. ಸರಿ ಎನ್ನುವಂತೆ ತಲೆಯಾಡಿಸಿ ಮೆಟ್ಟಿಲಿಳಿದು ಹೋದ. ಅವನು ಬೀದಿಯ ತಿರುವು ದಾಟುವವರೆಗೂ ನಾನು ತೋಳು ಇಳಿಸಲಿಲ್ಲ.